ಶುಕ್ರವಾರಕ್ಕೆ ಬಂದ ಆದಿತ್ಯವಾರ

"ಜಪಾನಿನವರೇ ಕೈಬಿಟ್ಟದ್ದನ್ನು ಉಡುಪಿಯವನೊಬ್ಬ ಉಳಿಸ್ತಾನೆ, ನೋಡ್ತಾ ಇರು!" ಎಂದು ಪೃಥ್ವಿರಾಜ್ ಫೋನಿನಲ್ಲಿ ಹೆಂಡತಿಗೆ ಘೋಷಿಸಿದ್ದು ೨೦೧೪ರಲ್ಲಿ. ಅವನು ದುಬೈಯ ಅಲ್ ಬರ್ಷಾದಲ್ಲಿ ಆಫೀಸು ಕ್ಲಾರ್ಕು. ದೀಪ್ತಿ ದೂರದ ಅಲ್ ಐನ್ ಊರಿನ ಆಸ್ಪತ್ರೆಯಲ್ಲಿ ನರ್ಸು. ಅವಳ ರಜೆ ಶುಕ್ರವಾರಕ್ಕೆ ಬಿದ್ದರೆ ಮಾತ್ರ ಇಬ್ಬರೂ ಗಂಡಹೆಂಡತಿ, ಉಳಿದ ದಿನ ಬರೀ ಫೋನ್ ನಂಬರುಗಳು!

ಕೈಬಿಟ್ಟದ್ದೇನೆಂದರೆ, ಜಪಾನಿನಲ್ಲಿ ಯಾರೋ ಒಬ್ಬನೇ ಕುಳಿತು ಮಾಡಿದ ಪುಟ್ಟ ಕಂಪ್ಯೂಟರ್ ಆಟ. ಗುಂಡಿಲ್ಲ, ಯುದ್ಧವಿಲ್ಲ. ಹಳ್ಳಿಯೊಂದರಲ್ಲಿ ಬದುಕುವುದು, ಸೌತೆ ಬೆಳೆಸುವುದು, ಅಷ್ಟೇ. ಆದಿತ್ಯವಾರ ಮಾತ್ರ ಒಬ್ಬ ಮುದುಕಿ ಹೊಳೆಬದಿಗೆ ಬಂದು ಒಂದು ಹೊಸ ಮಾತು ಹೇಳಿ, ಸಂಜೆಯಾಗುವ ಮೊದಲೇ ಎದ್ದುಹೋಗುತ್ತಾಳೆ. ವರ್ಷಕ್ಕೆ ಐವತ್ತೆರಡು ಮಾತು. ಮಾಡಿದವನು ವೆಬ್‌ಸೈಟ್ ಮುಚ್ಚಿ ಮಾಯವಾಗಿದ್ದ. ಆಡುವವರು ಜಗತ್ತಿನಲ್ಲಿ ಹನ್ನೊಂದೇ ಮಂದಿ. ಆ ಐವತ್ತೆರಡು ಮಾತುಗಳ ಚಿತ್ರ ತೆಗೆದು ಕಾಪಿಡುವ ಹೊಣೆ ಹೊತ್ತವನು, ಜಪಾನಿಯ ಒಂದಕ್ಷರ ಬಾರದ ನಮ್ಮ ಪೃಥ್ವಿರಾಜ್!

ಆದರೆ ದುಬೈಯಲ್ಲಿ ಆದಿತ್ಯವಾರ ಆಫೀಸು, ಶುಕ್ರವಾರ ರಜೆ. ಆಟ ನಡೆಯುವುದೋ ಕಂಪ್ಯೂಟರಿನ ತಾರೀಕಿನಂತೆ. ಮಹಾಶಯ ತಾರೀಕನ್ನೇ ಎರಡು ದಿನ ಮುಂದೆ ತಳ್ಳಿದ. ಶುಕ್ರವಾರವೇ ಆದಿತ್ಯವಾರವಾಯಿತು! "ಹಿಂದಕ್ಕೆ ಮಾತ್ರ ತರಬೇಡ, ಮುದುಕಿ ಮುನಿಯುತ್ತಾಳಂತೆ" ಎಂದು ಆ ಹನ್ನೊಂದು ಮಂದಿಯಲ್ಲೊಬ್ಬನಾದ ಒಸಾಕಾದ ಗೆಳೆಯ ಬರೆದಿದ್ದ.

ಐವತ್ತೊಂದು ಮಾತುಗಳಾದವು. ನಿಜ ಹೇಳಬೇಕೆಂದರೆ, ಅವನ ಬಾಡಿಗೆ ಕೋಣೆಯಲ್ಲಿ ಹೆಚ್ಚಿನ ಶುಕ್ರವಾರ ಅವನನ್ನು ಮಾತಾಡಿಸುತ್ತಿದ್ದವಳು ಆ ಮುದುಕಿ ಒಬ್ಬಳೇ. ಅರ್ಥವಾಗದಿದ್ದರೂ ಹಿತವಾಗುತ್ತಿತ್ತು.

ಐವತ್ತೆರಡನೆಯ ಶುಕ್ರವಾರ ಬೆಳಿಗ್ಗೆಯೇ ದೀಪ್ತಿ ಬಂದಳು, ಎರಡು ತಿಂಗಳ ಮೇಲೆ! ಪೃಥ್ವಿರಾಜ್ ಸಡಗರದಿಂದ ಬಂಗುಡೆ ಮೀನು ತರಲು ಓಡಿದ. ಮರಳಿದಾಗ ಅವಳು ಕಂಪ್ಯೂಟರಿನ ಮುಂದಿದ್ದಳು.

"ಎಂತ ಮಾರಾಯ್ರೆ, ಇದರಲ್ಲಿ ಆದಿತ್ಯವಾರ ಅಂತ ಉಂಟು! ನನ್ನ ಡ್ಯೂಟಿ ತಪ್ಪಿತಾ ಅಂತ ಎದೆ ಧಸಕ್ ಆಯ್ತು. ಸರಿ ಮಾಡಿದೆ."

"ಅಯ್ಯೋ, ಹಿಂದೆ ತಂದಿಯಾ?"

"ಎರಡೇ ದಿನ!"

ಬಂಗುಡೆಯನ್ನು ಅವಳ ಕೈಗೆ ತುರುಕಿ ಕುರ್ಚಿಗೆ ಬಿದ್ದ. ತಾರೀಕನ್ನು ಮತ್ತೆ ಮುಂದೆ ತಳ್ಳಿದ. ಹೊಳೆಬದಿ ಖಾಲಿ! ಮುದುಕಿಯ ಮನೆಗೆ ಬೀಗ, ಬಾಗಿಲಿಗೆ ಒಂದು ಚೀಟಿ. ಅದರ ಚಿತ್ರವನ್ನು ಒಸಾಕಾಕ್ಕೆ ಕಳಿಸಿದ. ಕಂಪ್ಯೂಟರನ್ನು ಆರಿಸಿದ, ಹಚ್ಚಿದ, ಬೈದ, ಬೇಡಿಕೊಂಡ. ಬೆನ್ನ ಹಿಂದೆ "ಊಟಕ್ಕೆ ಬನ್ನಿ" ಎಂದದ್ದಕ್ಕೆ "ಹೂಂ" ಅಂದ. "ತಣ್ಣಗಾಯ್ತು" ಎಂದದ್ದಕ್ಕೂ "ಹೂಂ". ಆಮೇಲೆ ಇನ್ನೇನೋ ಎಂದಳು, ಅದಕ್ಕೂ "ಹೂಂ".

ಸಂಜೆ ಉತ್ತರ ಬಂತು. "ಶಭಾಷ್! ಈ ಚೀಟಿಯನ್ನು ಇದುವರೆಗೆ ಯಾರೂ ಕಂಡಿರಲಿಲ್ಲ! ಅದರಲ್ಲಿರುವುದು ಇಷ್ಟು: 'ದಿನ ಬದಲಿಸಿಕೊಂಡು ನನ್ನನ್ನು ನೋಡಲು ಬರುತ್ತೀಯಲ್ಲ, ಮಾತಾಡಲು ನಿನಗೆ ಮನೆಯಲ್ಲಿ ಯಾರೂ ಇಲ್ಲವೇ?'"

"ದೀಪ್ತೀ, ಗೆದ್ದೆ!" ಎಂದು ತಿರುಗಿದರೆ ಕೋಣೆಯಲ್ಲಿ ಯಾರೂ ಇಲ್ಲ. ಮೇಜಿನ ಮೇಲೆ ಹುರಿದ ಬಂಗುಡೆ, ಅದಕ್ಕೆ ಮುಚ್ಚಿದ ತಟ್ಟೆ. ಫೋನ್ ಮಾಡಿದ.

"ಎಲ್ಲಿದ್ದಿ?"

"ಅಲ್ ಐನ್ ಬಸ್ಸಲ್ಲಿ. ಹೊರಡ್ತೇನೆ ಅಂದೆ, ನೀವು ಹೂಂ ಅಂದ್ರಿ."

"ಮತ್ತೆ ಯಾವಾಗ ಬರ್ತಿ ಮಾರಾಯ್ತಿ?"



"ದಿನ ಹಿಂದೆ ಮುಂದೆ ಮಾಡ್ಲಿಕ್ಕೆ ನಿಮಗೆ ಬರ್ತದಲ್ಲ? ಇವತ್ತಿನ ಬೆಳಿಗ್ಗೆಯನ್ನು ಒಮ್ಮೆ ವಾಪಸ್ ತನ್ನಿ, ಈಗಲೇ ಇಳೀತೇನೆ!"