ಮೂರನೆಯ ಸ್ಮಾರಕ

ಗೊತ್ತಿಲ್ಲ ಎಂದು ಹೇಳಲು ನನಗೆ ಬರುವುದಿಲ್ಲ. ಇದು ಕಾಯಿಲೆಯೋ ಸ್ವಭಾವವೋ ಎಂದು ನೀವು ಕೇಳಿದರೆ ಅದಕ್ಕೂ ನನ್ನ ಬಳಿ ಒಂದು ಉತ್ತರ ಸಿದ್ಧವಾಗಿರುತ್ತದೆ. ರಸ್ತೆಯಲ್ಲಿ ಯಾರಾದರೂ ದಾರಿ ಕೇಳಿದರೆ, ಆ ಕಡೆ ಜನ್ಮದಲ್ಲಿ ಕಾಲಿಡದಿದ್ದರೂ ನನ್ನ ಕೈ ತಾನಾಗಿ ಮೇಲೆದ್ದು ಯಾವುದಾದರೊಂದು ದಿಕ್ಕು ತೋರಿಸಿಬಿಡುತ್ತದೆ. ಕೇಳಿದವರನ್ನು ಬರಿಗೈಯಲ್ಲಿ ಕಳಿಸಬಾರದು ಎಂಬ ಸಂಸ್ಕಾರ ಇರಬೇಕು. ತುಮಕೂರು ಕಡೆಯವನಾದ ನಾನು ಕೇಂದ್ರ ಸರ್ಕಾರದ ಒಂದು ಸಂಶೋಧನಾ ಸಂಸ್ಥೆಯಲ್ಲಿ ಕೆಲಸ ಹಿಡಿದು ಅಹಮದಾಬಾದಿಗೆ ಬಂದು, ವಸ್ತ್ರಾಪುರದಲ್ಲಿ ಮನೆ ಮಾಡಿ ಎಷ್ಟೋ ವರ್ಷಗಳಾದವು. ಈ ಊರಿನ ಬಗ್ಗೆ ನನಗೆ ಖಚಿತವಾಗಿ ತಿಳಿದಿರುವುದು ಮನೆಯಿಂದ ಆಫೀಸಿನ ದಾರಿ, ಆಫೀಸಿನಿಂದ ಮನೆಯ ದಾರಿ, ಮತ್ತು ಕೆರೆಯ ಹತ್ತಿರದ ಉಡುಪಿ ಹೋಟೆಲಿನಲ್ಲಿ ಸಿಹಿ ಇಲ್ಲದ ಸಾಂಬಾರು ಬೇಕಾದರೆ ಯಾರ ಕಿವಿಯಲ್ಲಿ ಹೇಳಬೇಕು ಎಂಬುದು. ಉಳಿದದ್ದನ್ನೆಲ್ಲ ನಾನು ಸಂದರ್ಭ ಬಂದಾಗ ಆಗಿಂದಾಗಲೇ ತಿಳಿದುಕೊಳ್ಳುತ್ತೇನೆ, ಹೆಚ್ಚಾಗಿ ಹೇಳುತ್ತಾ ಹೇಳುತ್ತಾ.

ಹೋದ ಚಳಿಗಾಲದಲ್ಲಿ ನನ್ನ ಮಾವನವರು ಬಂದಿದ್ದರು. ನನ್ನ ಹೆಂಡತಿ ಸುಮಂಗಲಾ ಧಾರವಾಡದ ಕಡೆಯವಳು. ಅವಳ ತಂದೆ ಸೈನ್ಯದಲ್ಲಿ ಸುಬೇದಾರರಾಗಿ ನಿವೃತ್ತರಾದವರು. ಮಾತು ಕಡಿಮೆ. ಕುರ್ಚಿಯಲ್ಲಿ ಕೂತರೂ ಬೆನ್ನು ಕುರ್ಚಿಗೆ ತಾಗುವುದಿಲ್ಲ. ಅವರೆದುರು ನಾನು ಸೋಫಾದಲ್ಲಿ ಒರಗಿದ್ದರೆ ಏನೋ ಅಪರಾಧ ಮಾಡಿದಂತಾಗಿ ಮೆಲ್ಲಗೆ ನೆಟ್ಟಗಾಗುತ್ತೇನೆ. ಹೊರಡಲು ಇನ್ನೇನು ಒಂದು ವಾರ ಇದೆ ಎನ್ನುವಾಗ ಚಹಾ ಕುಡಿಯುತ್ತಾ ಅವರು ಕೇಳಿದರು: "ಅಳ್ಯಾರ, ಈ ಊರಾಗ ಯುದ್ಧದಾಗ ಸತ್ತವರ ಸ್ಮಾರಕ ಏನರ ಅದಾವೇನ್ರಿ?"

"ಬೇಕಾದಷ್ಟಿವೆ ಮಾವ," ಎಂದೆ. ನನಗೆ ಒಂದೂ ಗೊತ್ತಿರಲಿಲ್ಲ.

ಅಡುಗೆಮನೆಯಲ್ಲಿ ಸುಮಂಗಲಾ ನನ್ನನ್ನು ತರಾಟೆಗೆ ತೆಗೆದುಕೊಂಡಳು. "ಸುಮ್ಮನ ಏನರ ಹೇಳಬ್ಯಾಡ್ರಿ. ಅಪ್ಪಗ ಇದು ಹುಡುಗಾಟ ಅಲ್ಲ." ಆಗಲೇ ನನಗೆ ಗೊತ್ತಾದದ್ದು, ಮಾವನವರಿಗೆ ಬಸಪ್ಪ ಎಂಬ ಒಬ್ಬ ಗೆಳೆಯನಿದ್ದನೆಂದು. ಸೈನ್ಯದ ಒಂದೇ ಕಂಪನಿಯಲ್ಲಿದ್ದವರು, ಒಂದೇ ಡಬ್ಬಿಯಲ್ಲಿ ಊಟ ಮಾಡಿದವರು. ಗಡಿಯಲ್ಲಿ ಬಸಪ್ಪ ಹೋಗಿಬಿಟ್ಟ. ಅವನ ಊರಿನಲ್ಲಿ ಅವನ ಹೆಸರಿನ ಒಂದು ಕಲ್ಲೂ ಇಲ್ಲ. ಹಾಗಾಗಿ ಮಾವನವರು ಯಾವ ಊರಿಗೆ ಹೋದರೂ ಅಲ್ಲಿ ಸೈನಿಕರ ಸ್ಮಾರಕವೊಂದನ್ನು ಹುಡುಕಿ, ಅದರ ಮುಂದೆ ಸ್ವಲ್ಪ ಹೊತ್ತು ಕೂತು ಬರುತ್ತಾರಂತೆ. "ಕುಂತು ಬಂದರ ಆತು, ಅವರಿಗೆ ಮತ್ತೇನೂ ಬ್ಯಾಡ. ನಿಮಗ ಗೊತ್ತಿಲ್ಲಂದ್ರ ಗೊತ್ತಿಲ್ಲ ಅಂತ ಹೇಳಿಬಿಡ್ರಿ," ಎಂದಳು. ನಾನು ಹೇಳಲಿಲ್ಲ. ಬದಲಿಗೆ ಮೊಬೈಲ್ ಹಿಡಿದು ಬಚ್ಚಲುಮನೆಗೆ ಹೋಗಿ ಹುಡುಕಿದೆ. ದೇವರು ದೊಡ್ಡವನು. ಭಾನುವಾರ ಬೆಳಗ್ಗೆ ಹಳೇ ಊರಿನಲ್ಲಿ ಯುದ್ಧ ಸ್ಮಾರಕಗಳ ಕಾಲ್ನಡಿಗೆ ಪ್ರವಾಸವೊಂದಿತ್ತು, ಗೈಡ್ ಸಮೇತ. ಹುತಾತ್ಮರ ಗೌರವಾರ್ಥ ಎಲ್ಲರೂ ಬಿಳಿ ಬಟ್ಟೆಯಲ್ಲಿ ಬರಬೇಕೆಂದು ಕೋರಿಕೆ.

ನನ್ನ ಮಗಳು ಇಲ್ಲೇ ಹುಟ್ಟಿ ಬೆಳೆದವಳು. ಅವಳ ಗುಜರಾತಿ ಮುತ್ತಿನಂಥದು, ಕನ್ನಡ ಮಾತ್ರ ಒಡೆದ ಗಾಜಿನಂತೆ ಚೂರು ಚೂರು. "ಪಪ್ಪಾ, ನಾನು ಬರ್ಲಾ? ಗೈಡ್ ಹೇಳೋದು ನಿಮ್ಗೆ ಸಮಜ್ ಆಗಲ್ಲ," ಎಂದಳು. ಅವಳು ಬಂದರೆ ಅರ್ಥ ಹೇಳುವವಳು ಅವಳಾಗುತ್ತಾಳೆ, ನಾನು ನೀರಿನ ಬಾಟಲಿ ಹಿಡಿದುಕೊಂಡು ಹಿಂದೆ ನಡೆಯುವವನಾಗುತ್ತೇನೆ. ಪರೀಕ್ಷೆ ಹತ್ತಿರ ಬಂತು, ಓದಿಕೋ ಎಂದು ಗದರಿದೆ. ಈ ಗದರಿಕೆ ಮುಂದೆ ನನಗೇ ತಿರುಗುತ್ತದೆಂದು ಆಗ ಹೊಳೆಯಲಿಲ್ಲ.

ಮಾವನವರು ಬಿಳಿ ಧೋತರ, ಬಿಳಿ ಅಂಗಿ, ಬಿಳಿ ಟೋಪಿಯಲ್ಲಿ ಗರಿಗರಿಯಾಗಿ ಹೊರಟರು. ನಾನು ಆಫೀಸಿನ ಸಮಾರಂಭಕ್ಕೆಂದು ಹೊಲಿಸಿದ್ದ ಬಿಳಿ ಕುರ್ತಾದಲ್ಲಿ ಹೊರಟೆ. ಅದು ಹೊಟ್ಟೆಯ ಹತ್ತಿರ ನನ್ನ ಪ್ರಗತಿಯನ್ನು ಊರಿಗೆಲ್ಲ ಸಾರುತ್ತಿತ್ತು. ಗೈಡ್ ಆಗಿ ಬಂದವಳು ಒಬ್ಬ ಹುಡುಗಿ. ಕೈಯಲ್ಲಿ ಹಸಿರು ಬಾವುಟ, ಸೊಂಟದಲ್ಲಿ ಸ್ಪೀಕರು, ಬಾಯಲ್ಲಿ ಗುಜರಾತಿ ಎಕ್ಸ್‌ಪ್ರೆಸ್ಸು. ಮೊದಲ ಸ್ಥಳ ಒಂದು ಹಳೇ ಕಟ್ಟಡದ ಗೋಡೆ. ಅಲ್ಲಿ ಮಹಾಯುದ್ಧಕ್ಕೆ ಹೋಗಿ ಹಿಂತಿರುಗದವರ ನೆನಪಿನ ಕಲ್ಲೊಂದನ್ನು ಕೂರಿಸಿದ್ದರು. ಮಾವನವರು ಟೋಪಿ ಸರಿಮಾಡಿಕೊಂಡು ಕಣ್ಣು ಮುಚ್ಚಿದರು. ರೆಪ್ಪೆ ಇನ್ನೂ ಕೂಡಿಕೊಂಡಿರಲಿಲ್ಲ, "ಚಾಲೋ ಚಾಲೋ, ಆಗಳ್ ವಧೋ!" ನಡೀರಿ, ಮುಂದೆ ಸಾಗಿ ಎಂದು ಸ್ಪೀಕರು ಕೂಗಿತು. ಎರಡನೆಯದು ರಸ್ತೆಗಳು ಕೂಡುವಲ್ಲಿ ನಿಲ್ಲಿಸಿದ ಒಂದು ಕಂಬ. ಅದರ ಸುತ್ತ ಆಟೋಗಳು ಪ್ರದಕ್ಷಿಣೆ ಹಾಕುತ್ತಿದ್ದವು. ನಮ್ಮ ಗುಂಪಿನವರೆಲ್ಲ ಕಂಬಕ್ಕೆ ಬೆನ್ನು ತಿರುಗಿಸಿ ಸೆಲ್ಫಿ ತೆಗೆದುಕೊಂಡರು. ಮಾವನವರು ಕೂರಲು ಒಂದು ಕಟ್ಟೆ ಹುಡುಕಿದರು, ಇರಲಿಲ್ಲ. ಮತ್ತೆ ಚಾಲೋ.

"ಈ ಹುಡುಗಿ ನಮ್ಮ ಕಂಪನಿಯೊಳಗ ಇರಬೇಕಿತ್ತು ನೋಡ್ರಿ," ಎಂದರು ಮಾವನವರು. "ಶತ್ರು ಎಚ್ಚರಾಗೂದರೊಳಗ ಕೆಲಸ ಮುಗಿಸಿ ವಾಪಸ್ ಕರಕೊಂಡು ಬರತಿದ್ಲು."

"ಮುಂದಿನದು ದೊಡ್ಡ ಸ್ಮಾರಕ ಮಾವ. ಅಲ್ಲಿ ಕೂರಲು ಚೆನ್ನಾಗಿ ವ್ಯವಸ್ಥೆ ಇದೆ," ಎಂದೆ. ಹೇಗೆ ಗೊತ್ತು ಎಂದು ನೀವು ಕೇಳಬಾರದು.

ಮುಂದೆ ನಡೆದದ್ದಕ್ಕೆಲ್ಲ ಫಾಫಡಾ ಕಾರಣ. ಭಾನುವಾರದ ಬೆಳಗ್ಗೆ ಈ ಊರಿನಲ್ಲಿ ಕಡಲೆಹಿಟ್ಟಿನ ಫಾಫಡಾ ಕರಿಯುವ ಬಾಣಲೆಯ ಮುಂದೆ ಹಾದುಹೋಗಲು ಸನ್ಯಾಸಿಯಾಗಿರಬೇಕು, ಅದೂ ನೆಗಡಿ ಹಿಡಿದ ಸನ್ಯಾಸಿ. ಮಾವನವರಿಗೆ ಊರಿನ ತಿಂಡಿ ಪರಿಚಯಿಸುವ ನೆಪದಲ್ಲಿ ನಾನು ನಿಂತೆ. ಪರಿಚಯ ಸ್ವಲ್ಪ ದೀರ್ಘವಾಯಿತು, ಜಿಲೇಬಿಯ ತನಕ ಹೋಯಿತು. ಬೆರಳು ಒರೆಸಿಕೊಂಡು ತಲೆಯೆತ್ತಿದರೆ ಹಸಿರು ಬಾವುಟವೂ ಇಲ್ಲ, ಸ್ಪೀಕರೂ ಇಲ್ಲ. ಅಷ್ಟರಲ್ಲಿ ಎದುರಿನ ಓಣಿಯೊಳಕ್ಕೆ ಬಿಳಿ ಬಟ್ಟೆಯವರ ಗುಂಪೊಂದು ತಿರುಗುವುದು ಕಂಡಿತು. "ಅಗೋ ನಮ್ಮವರು, ಬನ್ನಿ ಮಾವ!" ಎಂದು ಅವರನ್ನು ಎಳೆದುಕೊಂಡೇ ಓಡಿದೆ.

ಗುಂಪು ಒಂದು ಸಭಾಭವನದೊಳಗೆ ಹೋಯಿತು. ಬಾಗಿಲಲ್ಲಿ ಚಪ್ಪಲಿಗಳ ರಾಶಿ. ಪಕ್ಕದಲ್ಲಿ ಒಂದು ಫಲಕವಿತ್ತು, ನನ್ನ ಓದುವ ಕನ್ನಡಕ ವಸ್ತ್ರಾಪುರದಲ್ಲಿತ್ತು. "ನೋಡಿದಿರಾ, ಎಷ್ಟು ಗೌರವ! ಚಪ್ಪಲಿ ಬಿಟ್ಟೇ ಒಳಗೆ ಹೋಗಬೇಕು," ಎಂದು ವಿವರಿಸಿದೆ. ಒಳಗೆ ನೆಲದ ತುಂಬ ಬಿಳಿ ಹಾಸು. ಒಂದು ಕಡೆ ಗಂಡಸರು, ಇನ್ನೊಂದು ಕಡೆ ಹೆಂಗಸರು, ಎಲ್ಲರೂ ಬಿಳಿ ಬಟ್ಟೆಯಲ್ಲಿ ತುಟಿಪಿಟಕ್ಕೆನ್ನದೆ ಕೂತಿದ್ದಾರೆ. ಎಲ್ಲೋ ಸಣ್ಣ ದನಿಯಲ್ಲಿ ಭಜನೆ. ಮುಂದೆ ಮೇಜಿನ ಮೇಲೆ ಹಾರ ಹಾಕಿದ ಒಂದು ದೊಡ್ಡ ಫೋಟೋ, ಊದುಬತ್ತಿ, ತಟ್ಟೆಯಲ್ಲಿ ಗುಲಾಬಿ ಎಸಳು. ಫೋಟೋದಲ್ಲಿದ್ದವರು ತುಂಬು ಕೆನ್ನೆಯ, ಸಫಾರಿ ಸೂಟಿನ, ಸಂತೃಪ್ತ ನಗೆಯ ಮನುಷ್ಯ.

"ಇವರೇ ಇಲ್ಲಿನ ಮುಖ್ಯ ಹುತಾತ್ಮರು," ಎಂದು ಪಿಸುಗುಟ್ಟಿದೆ. "ಇದು ನಿವೃತ್ತರಾದ ಮೇಲೆ ತೆಗೆಸಿದ ಫೋಟೋ ಇರಬೇಕು."

"ಹುತಾತ್ಮರಾಗಿ ಆಮ್ಯಾಲ ನಿವೃತ್ತರಾದ್ರೇನ್ರಿ?" ಎಂದರು ಮಾವನವರು.

"ಈ ಕಡೆ ಕೆಲವರು ಹಾಗೂ ಇರ್ತಾರೆ ಮಾವ," ಎಂದೆ. ಹೇಳಿದ ಮೇಲೆ ನನಗೇ ಸ್ವಲ್ಪ ಗೊಂದಲವಾಯಿತು. ನಮ್ಮ ಗುಂಪಿನಲ್ಲಿ ಕ್ಯಾಮೆರಾ ಹೊತ್ತಿದ್ದ ದಂಪತಿ ಎಲ್ಲಿ? ಬಾವುಟದ ಹುಡುಗಿ ಎಲ್ಲಿ? ಗೈಡ್ ಇಲ್ಲದ ಗೈಡೆಡ್ ಟೂರು ಎಂಥದು? ಮುಂದಿನ ಸಾಲಿನಲ್ಲಿ ಒಬ್ಬ ಹೆಂಗಸು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ಓಹೋ, ಹುತಾತ್ಮರ ಕುಟುಂಬದವರನ್ನೇ ಕರೆಸಿದ್ದಾರೆ, ಎಂಥ ಅಚ್ಚುಕಟ್ಟು ಎಂದು ಸಮಾಧಾನ ಮಾಡಿಕೊಂಡೆ. ಗೊಂದಲ ಬಂದಾಗಲೆಲ್ಲ ನಾನು ಹೀಗೆ ಒಂದು ವಿವರಣೆ ಕೊಟ್ಟು ಅದನ್ನು ಕೂರಿಸಿಬಿಡುತ್ತೇನೆ. ಮಾವನವರು ಮಾತ್ರ ನೇರ ಮುಂದೆ ನಡೆದರು. ಎಸಳು ಹಾಕಿದರು, ಹಿಮ್ಮಡಿ ಕೂಡಿಸಿದರು, ಮತ್ತು ಇಡೀ ಭವನ ತಿರುಗಿ ನೋಡುವಂಥ ಒಂದು ಸೆಲ್ಯೂಟ್ ಹೊಡೆದರು. ಆಮೇಲೆ ಗೋಡೆಯ ಪಕ್ಕ ಚಕ್ಕಂಬಕ್ಕಳ ಹಾಕಿ, ನೆಟ್ಟಗೆ ಕೂತು ಕಣ್ಣು ಮುಚ್ಚಿದರು. ಇಲ್ಲಿ ಯಾರೂ ಚಾಲೋ ಎನ್ನಲಿಲ್ಲ.

ಸ್ವಲ್ಪ ಹೊತ್ತಿಗೆ ತಲೆ ಬೋಳಿಸಿಕೊಂಡ ನಡುವಯಸ್ಸಿನವರೊಬ್ಬರು ಬಂದು ನನ್ನ ಪಕ್ಕ ಕೂತರು. ಸ್ಮಾರಕದ ಟ್ರಸ್ಟಿ ಇರಬೇಕೆಂದುಕೊಂಡೆ. "ಬಾಪುಜಿಯ ಪರಿಚಯ ನಿಮಗೆ ಹೇಗೆ?" ಎಂದು ಮೆಲುದನಿಯ ಹಿಂದಿಯಲ್ಲಿ ಕೇಳಿದರು.

"ಅವರು ಯಾರಿಗೆ ಗೊತ್ತಿಲ್ಲ ಹೇಳಿ! ಇಡೀ ದೇಶಕ್ಕೇ ಗೊತ್ತು. ನಾವು ಕರ್ನಾಟಕದವರು, ನಮ್ಮ ಕಡೆಯೂ ಅವರ ಹೆಸರಿದೆ," ಎಂದೆ.

ಅವರ ಕಣ್ಣು ಅಗಲವಾಯಿತು. "ಕರ್ನಾಟಕದಲ್ಲೂ?"

"ಮತ್ತೆ? ಅಂದಹಾಗೆ ಅವರು ಹೋರಾಡಿದ್ದು ಯಾವ ಗಡಿಯಲ್ಲಿ?"

ಅವರು ಒಮ್ಮೆ ಫೋಟೋ ನೋಡಿದರು, ಒಮ್ಮೆ ನನ್ನನ್ನು ನೋಡಿದರು. "ಗಡಿಯಲ್ಲಿ ಅಲ್ಲ. ಮಾಣೇಕ್ ಚೌಕದಲ್ಲಿ ನಮ್ಮ ತಂದೆಯವರದು ಸ್ಟೀಲ್ ಪಾತ್ರೆ ಅಂಗಡಿ."

ಅದೇ ಹೊತ್ತಿಗೆ ಜೇಬಿನಲ್ಲಿ ಫೋನು ಗುರ್ರೆಂದಿತು. ಬಾವುಟದ ಹುಡುಗಿ. "ಸರ್, ಎಲ್ಲಿದ್ದೀರಿ? ನಾವು ಮೂರನೇ ಸ್ಮಾರಕದ ಹತ್ತಿರ ಇದ್ದೇವೆ." ಬಾಯಿಗೆ ಕೈ ಅಡ್ಡ ಹಿಡಿದು, ನಾವೂ ಮೂರನೇ ಸ್ಮಾರಕದಲ್ಲೇ ಇದ್ದೇವೆ ಎಂದೆ. "ಇಲ್ಲಿ ನೀವು ಇಲ್ಲ ಸರ್," ಎಂದಳು. ಆಗ ನಾನು ಮೊದಲ ಬಾರಿಗೆ ಸುತ್ತಲೂ ಸರಿಯಾಗಿ ನೋಡಿದೆ. ಬೋಳಿಸಿದ ತಲೆ ನೋಡಿದೆ, ಒದ್ದೆ ಕಣ್ಣು ನೋಡಿದೆ, ಕೈ ಮುಗಿದು ಸಾಲಾಗಿ ಕೂತ ಮನೆಯವರನ್ನು ನೋಡಿದೆ. ಯಾರದೋ ಮನೆಯ ಸಾವಿನ ನಡುವೆ ನಾನು ಪ್ರವಾಸಿಯಾಗಿ ಬಂದು ಕೂತಿದ್ದೆ. ಭೂಮಿ ಬಾಯಿಬಿಡಬಾರದೇ ಎನಿಸಿತು. ಮಾವನವರ ಅಂಗಿ ಜಗ್ಗಿದೆ. "ಮಾವ, ಹೊರಡೋಣ."

"ಇನ್ನೊಂದು ಸ್ವಲ್ಪ ತಡೀರಿ," ಎಂದರು, ಕಣ್ಣು ತೆರೆಯದೆ.

ಆ ಸ್ವಲ್ಪ ನನ್ನ ಜೀವಮಾನದ ಅತಿ ಉದ್ದನೆಯ ಸ್ವಲ್ಪ. ಕೊನೆಗೆ ಎದ್ದು ಬಾಗಿಲ ತನಕ ಬಂದಾಗ ಆ ಮಗ ಹಿಂದೆಯೇ ಬಂದು ಮಾವನವರ ಎರಡೂ ಕೈ ಹಿಡಿದುಕೊಂಡರು. "ಇಂಥ ಗೌರವ ನಮ್ಮ ಬಾಪುಜಿಗೆ ಯಾರೂ ಕೊಟ್ಟಿರಲಿಲ್ಲ," ಎಂದರು. ಮಾವನವರು ನನಗೆ, "ನಿಮ್ಮ ತಂದಿಯವರ ನೆಪದಾಗ ನನಗೂ ಕುಂದ್ರಾಕ ಒಂದು ಜಾಗಾ ಸಿಕ್ಕಿತು ಅಂತ ಇವರಿಗೆ ಹೇಳ್ರಿ," ಎಂದರು. ನನಗೆ ಅರ್ಥವಾಗಲಿಲ್ಲ. ಆದರೂ ಅನುವಾದ ಮಾಡಿದೆ: "ಬಾಪುಜಿಯಂಥವರು ಶತಮಾನಕ್ಕೊಬ್ಬರು ಎನ್ನುತ್ತಿದ್ದಾರೆ."

ಮನೆಯಲ್ಲಿ ಊಟಕ್ಕೆ ಕೂತಾಗ ಏನೂ ನಡೆದೇ ಇಲ್ಲ ಎಂಬಂತೆ ನಾನು ಬದನೆಕಾಯಿ ಎಣಗಾಯಿಯನ್ನು ವಿಪರೀತ ಹೊಗಳುತ್ತಿದ್ದೆ. ಮಾವನವರೇ ಬಿಳಿ ಹಾಸು, ಫೋಟೋ, ಗುಲಾಬಿ ಎಸಳು ಎಂದು ಹೇಳತೊಡಗಿದರು. ಮಗಳು ಚಪಾತಿ ಕೆಳಗಿಟ್ಟಳು. "ಅಜ್ಜಾ! ಅದು ಸ್ಮಾರಕ್ ನಹೀಂ, ಬೇಸಣುಂ ಛೆ!" ಎಂದು ಕಿರುಚಿ, ಮೂರು ಭಾಷೆಯಲ್ಲಿ ವಿವರಿಸಿದಳು. ಇಲ್ಲಿ ಯಾರಾದರೂ ತೀರಿಕೊಂಡರೆ ಮನೆಯವರು ಒಂದು ದಿನ ಹೀಗೆ ಕೂರುತ್ತಾರೆ. ಪತ್ರಿಕೆಯಲ್ಲಿ ಫೋಟೋ ಹಾಕಿಸಿ ಹೊತ್ತು ತಿಳಿಸಿರುತ್ತಾರೆ. ಪರಿಚಯದವರು ಬಿಳಿ ಬಟ್ಟೆಯಲ್ಲಿ ಬಂದು, ಹೂವು ಹಾಕಿ, ಮಾತಾಡದೆ ಸ್ವಲ್ಪ ಹೊತ್ತು ಕೂತು ಹೋಗುತ್ತಾರೆ. ಅದೇ ಬೇಸಣುಂ. ಸುಮಂಗಲಾ ಸೌಟು ಹಿಡಿದುಕೊಂಡೇ ನನ್ನ ಕಡೆ ತಿರುಗಿದಳು. ಆ ನೋಟವನ್ನು ವರ್ಣಿಸುವುದಿಲ್ಲ, ಮದುವೆಯಾದವರಿಗೆ ತಿಳಿಯುತ್ತದೆ.

"ಗೊತ್ತೈತವ್ವಾ," ಎಂದರು ಮಾವನವರು, ಶಾಂತವಾಗಿ. "ಆ ಫೋಟೋದಾಗಿನ ಹೊಟ್ಟಿ ನೋಡಿದ ಕೂಡಲೆ ಇದು ನಮ್ಮ ಇಲಾಖಾದ್ದಲ್ಲ ಅಂತ ಗೊತ್ತಾತು."

"ಮತ್ತೆ ಸೆಲ್ಯೂಟ್ ಹೊಡೆದಿರಲ್ಲ ಮಾವ?"

"ಸತ್ತವರೆಲ್ಲಾ ನಮಗಿಂತ ಸೀನಿಯರ್ ರೀ. ಹೊಡೀಬೇಕು." ಮಜ್ಜಿಗೆಯ ಲೋಟ ಕೈಗೆತ್ತಿಕೊಂಡು, ಕುಡಿಯದೆ ಹಾಗೇ ಹಿಡಿದಿದ್ದರು. "ನಮ್ಮ ಬಸಪ್ಪ ಹ್ವಾದಾಗ ಯಾರೂ ಹೀಂಗ ಕುಂದ್ರಲಿಲ್ಲ. ನಮಗ ಪುರಸೊತ್ತು ಇರಲಿಲ್ಲ, ಮುಂದಕ್ಕ ಹೋಗೂದಿತ್ತು. ಎಲ್ಲಾ ಊರಾಗೂ ಕಲ್ಲಿನ ಮುಂದ ಒಬ್ಬನ ಕುಂತು ಬಂದೀನಿ. ಇವತ್ತು ಮಂದಿ ನಡುವ ಕುಂತೆ. ಅಂವಗೂ ಒಂದು ಮುಷ್ಟಿ ಹೂವು ಹಾಕಿದಂಗಾತು."

ಸುಮಂಗಲಾ ಸೌಟು ಕೆಳಗಿಟ್ಟು ಅಪ್ಪನ ಬೆನ್ನ ಮೇಲೆ ಕೈಯಿಟ್ಟಳು. ನನಗೂ ನಿಜವಾಗಿಯೂ ದುಃಖವಾಯಿತು. ತಟ್ಟೆ ಪಕ್ಕಕ್ಕೆ ಸರಿಸಿ, "ಅಲ್ಲೇ ನನಗೆ ಹೇಳಬಾರದಿತ್ತೇ ಮಾವ?" ಎಂದೆ.

"ಹೆಂಗ ಹೇಳೂದ್ರಿ ಅಳ್ಯಾರ? ನೀವು ಅಷ್ಟು ಚೊಲೋ ವಿವರಿಸಾಕ ಹತ್ತಿದ್ರಿ," ಎಂದು ಮಜ್ಜಿಗೆ ಕುಡಿದರು.

ಮಾವನವರು ಊರಿಗೆ ಹೋದರು. ಇನ್ನು ಮೇಲೆ ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎಂದೇ ಹೇಳುತ್ತೇನೆಂದು ಸುಮಂಗಲಾಗೆ ಮಾತು ಕೊಟ್ಟೆ. ಕೆಲವು ವಾರಗಳು ಉಳಿಸಿಕೊಂಡೆ ಕೂಡ, ಯಾರೂ ಏನೂ ಕೇಳಿರಲಿಲ್ಲ. ಒಂದು ಸಂಜೆ ಕುಕ್ಕರ್ ಕೊಳ್ಳಲು ಮಾಣೇಕ್ ಚೌಕಕ್ಕೆ ಹೋದೆವು. ಅವಳು ಹೊಕ್ಕ ಅಂಗಡಿಯ ಗೋಡೆಯ ಮೇಲೆ ಅದೇ ತುಂಬು ಕೆನ್ನೆ, ಅದೇ ಸಫಾರಿ ಸೂಟು. ಹಿಂದೆ ಸರಿಯುವಷ್ಟರಲ್ಲಿ ಗಲ್ಲಾದ ಮೇಲಿದ್ದ ಮಗ ನನ್ನನ್ನು ಗುರುತಿಸಿ, ಎದ್ದುಬಂದು ಅಪ್ಪಿಕೊಂಡು, ಅಲ್ಲಿದ್ದ ಗಿರಾಕಿಗಳಿಗೆಲ್ಲ ಪರಿಚಯಿಸಿದರು: "ನಾನು ಹೇಳಿರಲಿಲ್ಲವೇ? ಬಾಪುಜಿಗೆ ಸೆಲ್ಯೂಟ್ ಹೊಡೆಯಲು ಕರ್ನಾಟಕದಿಂದ ಮಿಲಿಟರಿಯವರು ಬಂದಿದ್ದರು ಅಂತ. ಇವರೇ ಕರೆತಂದವರು." ಒಬ್ಬ ಮುದುಕರು ಕಣ್ಣು ಕಿರಿದು ಮಾಡಿಕೊಂಡು, "ಹೌದೇ? ಮಿಲಿಟರಿಯವರಿಗೆ ನಮ್ಮ ಶೇಠರು ಹೇಗೆ ಗೊತ್ತು?" ಎಂದು ನನ್ನನ್ನೇ ಕೇಳಿದರು. ಮಗ ನನ್ನ ಮುಖವನ್ನೇ ನೋಡುತ್ತಿದ್ದರು. ಸುಮಂಗಲಾ ಬೆನ್ನ ಹಿಂದಿನಿಂದ ಚಿವುಟಿದಳು. ಗೊತ್ತಿಲ್ಲ ಎನ್ನಲೆಂದೇ ನಾನು ಬಾಯಿ ತೆರೆದದ್ದು, ದೇವರಾಣೆ. ಅಷ್ಟರಲ್ಲಿ ನನ್ನ ಕೈ ತಾನಾಗಿ ಮೇಲೆದ್ದು, ಫೋಟೋದ ಕಡೆ ತಿರುಗಿ ಸೆಲ್ಯೂಟ್ ಹೊಡೆದಾಗಿತ್ತು.