ಖಂಡಪ್ಪನ ನೂರು ಗಿರಾಕಿಗಳು

ಕಂಪನಿಯ ಸಾಹೇಬರು ಭಗವಂತರಾಯರು ಯಾದಗಿರಿಯಿಂದ ಫೋನು ಮಾಡಿ ಹೇಳಿದ್ದು ಎರಡೇ ಮಾತು.

"ಖಂಡಪ್ಪ, ಇವತ್ತ ಸಂಜಿ ಆರಕ್ಕ ಬರ್ತೀನಿ. ಅಷ್ಟರಾಗ ಇವತ್ತ ಒಂದ ದಿನಕ್ಕ ನೂರು ಗಿರಾಕಿ ಆಗಿರ್ಬೇಕು, ಇಲ್ಲಂದ್ರ ಮಷಿನ್ ಟೆಂಪೋದಾಗ ಹಾಕ್ಕೊಂಡು ಹೋಗ್ತೀನಿ."

ಖಂಡಪ್ಪನ ಕೈಯಲ್ಲಿದ್ದ ಮಂಡಕ್ಕಿ ಸುಸಲಾದ ತುತ್ತು ಬಾಯಿಗೂ ಹೋಗದೆ, ತಟ್ಟೆಗೂ ಬೀಳದೆ ನಡುವೆಯೇ ನಿಂತಿತು.

ಕಾಲುವೆಗೆ ನೀರು ಬಂದು ಸುತ್ತಲ ಹೊಲಗಳಲ್ಲಿ ಭತ್ತ ಎದ್ದ ಮೇಲೆ, ಶಹಾಪುರದ ಚನ್ನಯ್ಯನ ಕಿರಾಣಿ ಅಂಗಡಿಯೂ ಬೆಳೆದು ಗಾಜಿನ ಬಾಗಿಲಿನ ಬಜಾರಾಗಿತ್ತು. ಅದರ ಮೂಲೆಯಲ್ಲಿ ಖಂಡಪ್ಪ ಒಂದು ಕಂಪನಿಯ ಯಂತ್ರ ತಂದು ನಿಲ್ಲಿಸಿದ್ದ. ಗಿರಾಕಿ ತಾನೇ ಸಾಮಾನನ್ನು ಅದಕ್ಕೆ ತೋರಿಸಬೇಕು, ತಾನೇ ದುಡ್ಡು ಕಟ್ಟಿ ಚೀಟಿ ಹರಿದುಕೊಳ್ಳಬೇಕು. ಇಲ್ಲಿ ನಡೆದರೆ ಸುರಪುರ, ಯಾದಗಿರಿಯಲ್ಲೂ ಒಂದೊಂದು ಯಂತ್ರ ಅವನಿಗೇ ಎಂದು ಕಂಪನಿ ಮಾತು ಕೊಟ್ಟಿತ್ತು. ಹಳ್ಳಿ ಹಳ್ಳಿ ಅಲೆದು ಮಿಕ್ಸರು, ಫ್ಯಾನು ರಿಪೇರಿ ಮಾಡಿ ದಣಿದವನಿಗೆ, ಮಗಳು ಮಲಗುವ ಮುಂಚೆ ಮನೆ ಸೇರುವ ದಾರಿ ಇದೊಂದೇ ಕಾಣುತ್ತಿತ್ತು.

ಆದರೆ ಮೂರು ತಿಂಗಳಾದರೂ ಜನ ಆ ಯಂತ್ರವನ್ನು ಹೊಸ ಬೀಗರನ್ನು ನೋಡಿದಂತೆ ದೂರದಿಂದಲೇ ನೋಡಿ, ನಕ್ಕು, ಚನ್ನಯ್ಯನ ಗಲ್ಲಾಪೆಟ್ಟಿಗೆಯ ಮುಂದೆ ಹೋಗಿ ನಿಲ್ಲುತ್ತಿದ್ದರು.

ಅವತ್ತೂ ಹನ್ನೊಂದರ ತನಕ ಇಬ್ಬರೇ. ಮೂರನೆಯವನಾಗಿ ಬಂದ ಕುರಿಗಾರ ಹುಲಗಪ್ಪ ಕಂಕುಳಲ್ಲಿದ್ದ ಮರಿಯನ್ನು ಯಂತ್ರದ ತೂಕದ ತಟ್ಟೆಯ ಮೇಲಿಟ್ಟು, ಬೀಡಿ ಕಟ್ಟಿಗೆ ದುಡ್ಡು ತೆಗೆಯಲು ಅಂಗಿಯ ಕಿಸೆ ತಡಕಾಡಿದ.

"ದಯವಿಟ್ಟು ವಸ್ತುವಿನ ಹೆಸರನ್ನು ಆರಿಸಿ" ಎಂದಿತು ಯಂತ್ರದೊಳಗಿನ ಹೆಣ್ಣುದನಿ.

"ಕುರಿಮರಿ ಅದವ್ವ."

"ದಯವಿಟ್ಟು ವಸ್ತುವಿನ ಹೆಸರನ್ನು ಆರಿಸಿ."

"ಹೇಳೀನಲ್ಲಬೇ ಕುರಿಮರಿ ಅಂತ! ಎಷ್ಟ್ ಸಲ ಹೇಳ್ಬೇಕು ನಿನಗ?"

ಮರಿ ಮಾತ್ರ ಒಂದೇ ಸಲಕ್ಕೆ ತನ್ನ ಕೆಲಸ ಮುಗಿಸಿ ತಟ್ಟೆ ತೋಯಿಸಿತು. ಹುಲಗಪ್ಪ ನಾಚಿ ಹೊರಟೇ ಹೋದ. ಖಂಡಪ್ಪ ಒರೆಸಿ, ಒಣಗಿಸಿ, ಯಂತ್ರಕ್ಕೆ ಜೀವ ತರುವಷ್ಟರಲ್ಲಿ ಗಂಟೆ ಹನ್ನೆರಡು.

ಆಗ ಚಹಾಪುಡಿಗೆಂದು ಬಂದವಳು ಪಕ್ಕದ ಮನೆಯ ಮಲಕಮ್ಮ.

"ಯಾಕೋ ಖಂಡಪ್ಪ, ಮಾರಿ ಸುಟ್ಟ ಬದನಿಕಾಯಿ ಆಗ್ಯಾದ?"

ಅವನು ಎಲ್ಲ ಹೇಳಿದ.

"ಮುಂಜಾನೇ ಬಂದು ಹೇಳಾಕ ಏನ್ ಧಾಡಿ ಆಗಿತ್ತು ನಿನಗ? ಓಣಿ ಅನ್ನೋದು ಮತ್ಯಾಕ ಅದ?" ಎಂದವಳೇ ಚಹಾಪುಡಿ ಮರೆತು ಹೊರಗೋಡಿದಳು.

ಒಂದು ತಾಸಿನಲ್ಲಿ ಓಣಿಗೆ ಓಣಿಯೇ ಬಂದಿಳಿಯಿತು. ಕಡ್ಡಿಪೆಟ್ಟಿಗೆ ಬೇಕಾದವರೂ ಬಂದರು, ಬೇಡವಾದವರು ಎರಡು ಕೊಂಡರು. ಖಂಡಪ್ಪ ಸಹಾಯಕ್ಕೆ ಮುಂದೆ ಬಂದರೆ ಮಲಕಮ್ಮ ತಡೆದಳು.

"ನೀ ಮುಟ್ಟಬಾರ್ದು ಅಂತ ಕಂಪನಿ ಹೇಳ್ಯಾದಿಲ್ಲೋ? ಅಲ್ಲೇ ಅಕ್ಕಿ ಚೀಲದ ಮಗ್ಗಲಕ ನಿಂದ್ರು. ನಾ ಕಲಸ್ತೀನಿ ಎಲ್ಲಾರಿಗಿ."

ಮಾತು ಖರೆ. ಗಿರಾಕಿಗಳು ತಾವಾಗಿಯೇ ಮಾಡಬೇಕು ಎಂಬುದು ಕಂಪನಿಯ ನಿಯಮ. ಖಂಡಪ್ಪ ಅಕ್ಕಿ ಚೀಲದ ಪಕ್ಕ ಇನ್ನೊಂದು ಚೀಲದಂತೆ ನಿಂತ.

"ಧನ್ಯವಾದಗಳು, ಮತ್ತೆ ಬನ್ನಿ" ಎಂದಿತು ಯಂತ್ರ ಓಣಿಯ ಶರೀಫಾಬೀಗೆ.

"ಇಷ್ಟ್ ಬಾಯಿತುಂಬ ಕರೆಯಾಕತ್ಯಾದ, ಬರಲಿಲ್ಲಂದ್ರ ಛಂದ ಕಾಣ್ತದೇನು?" ಎಂದ ಆಕೆ ಮನೆಗೆ ಹೋಗಿ ಮೂವರು ಸೊಸೆಯಂದಿರನ್ನೂ ಹೊರಡಿಸಿಕೊಂಡು ಬಂದಳು.

ಐದೂವರೆಗೆ ಪರದೆಯ ಮೂಲೆಯಲ್ಲಿ ನೂರಾ ಹನ್ನೆರಡು ಎಂಬ ಅಂಕಿ ಹೊಳೆಯಿತು. ಖಂಡಪ್ಪನ ಕಣ್ಣು ಮಂಜಾಯಿತು. ಇವರ ಕುಕ್ಕರು, ಇಸ್ತ್ರಿಪೆಟ್ಟಿಗೆ ರಿಪೇರಿಗೆ ಬಂದಾಗೆಲ್ಲ ತಾನು ಎಷ್ಟು ಸಲ ಸಿಡುಕಿದ್ದೇನೆ! ಒಬ್ಬರೂ ಅದನ್ನು ನೆನಪಿಟ್ಟುಕೊಂಡಿಲ್ಲ.

"ಅಕ್ಕಾ, ನಿಮ್ಮ ಋಣ ನಾ ಹೆಂಗ ತೀರಸ್ಲಿ?"

"ತೀರಸಾಕ ಹೋಗಬ್ಯಾಡ. ಇನ್ಮ್ಯಾಲ ಮನಿಗಿ ಲಗೂನ ಬಾ, ಸಾಕು."

ಆರಕ್ಕೆ ಸರಿಯಾಗಿ ಭಗವಂತರಾಯರು ಬಂದರು. ಯಂತ್ರದ ಬೆನ್ನು ತೆಗೆದು ಏನೇನೋ ಒತ್ತಿ ನೋಡಿದರು. ಕನ್ನಡಕ ಒರೆಸಿಕೊಂಡು ಇನ್ನೊಮ್ಮೆ ನೋಡಿದರು.

"ಚೀಟಿ ನೂರಾ ಹನ್ನೆರಡು ಹರದಾವ, ಖರೆ. ಆದ್ರ ಗಿರಾಕಿ ಮೂರೇ ಮಂದಿ."

"ಮೂರಾ! ಯಾರ್ಯಾರ್ರಿ ಸಾಹೇಬ್ರ?"

"ಮುಂಜಾನೆ ಬಂದವ್ರು ಇಬ್ರು. ಆಮ್ಯಾಲ ನೂರಾ ಹತ್ತು ಸಲ ಬಂದಾಂವ ಒಬ್ಬನೇ. ಅಂವ ನೀನು."

ಖಂಡಪ್ಪ ಬಾಯಿ ತೆರೆಯುವ ಮೊದಲೇ ಮಲಕಮ್ಮ ಸೆರಗು ಸರಿಮಾಡಿಕೊಂಡು ಹೆಮ್ಮೆಯಿಂದ ಮುಂದೆ ಬಂದಳು.

"ಹೌದ್ರಿ ಸಾಹೇಬ್ರ. ಎಲ್ಲಾರಿಗೂ ಮೊಬೈಲ್ ನಂಬರ್ ಹಾಕು ಅಂತ ಕೇಳ್ತದ ಅದು. ತಿಂಥಣಿ ಮೌನಪ್ಪನ ಗುಡಿ ದೀಪಕ್ಕ ಎಣ್ಣಿ ಕೊಡಬೇಕಾದ್ರ ಯಾರ ಹೆಸರಿಲೆ ಕೊಡ್ತೀವ್ರಿ? ಯಾರಿಗಿ ಒಳ್ಳೇದಾಗ್ಬೇಕೋ ಅವರ ಹೆಸರಿಲೆ. ಇವತ್ತ ಒಳ್ಳೇದಾಗ್ಬೇಕಾಗಿದ್ದು ಖಂಡಪ್ಪಗ. ಅದಕ್ಕ ಅವನ ನಂಬರೇ ಹಾಕ್ಸೀನಿ. ಒಬ್ಬರೂ ತಪ್ಪಿಲ್ರಿ!"

"ನನ್ನ ನಡುವಿನ ಸೊಸಿ ಮರ್ತು ತನ್ನ ನಂಬರೇ ಒತ್ತಾಕ ಹೋಗಿದ್ಳು" ಎಂದಳು ಶರೀಫಾಬೀ. "ಕೈ ಹಿಡದು ಅಳಿಸೀನಿ."

ಭಗವಂತರಾಯರಿಗೆ ನಗು ತಡೆಯಲಾಗಲಿಲ್ಲ. ನಕ್ಕರು, ಮರುಗಿದರು, ಆಮೇಲೆ ಟೆಂಪೋ ಕರೆಸಿದರು. "ಏನ್ ಮಾಡ್ಲಿ ತಮ್ಮ? ಮ್ಯಾಲಿನವ್ರು ನಂಬರ್ ಎಣಸ್ತಾರ, ಮನಷ್ಯಾರನ್ನಲ್ಲ."

ಯಂತ್ರ ಭಾರವಿತ್ತು. ಟೆಂಪೋದವರಿಬ್ಬರಿಂದ ಆಗಲಿಲ್ಲ. ಓಣಿಯವರೇ ಕೈ ಹಚ್ಚಿ, ಒಂದು ಗೀರೂ ಬೀಳದಂತೆ ಎತ್ತಿಟ್ಟರು. ಸಿಟ್ಟಾಗೋಣವೆಂದರೆ ಖಂಡಪ್ಪನಿಗೆ ಸಿಟ್ಟೇ ಬರಲಿಲ್ಲ. ನೂರಾ ಹತ್ತು ಮಂದಿ ತನ್ನ ಒಳ್ಳೆಯದನ್ನು ಬಯಸಿ ಸಾಲು ನಿಂತದ್ದು ಅವನ ಜನ್ಮದಲ್ಲಿ ಇದೇ ಮೊದಲು.

ಟೆಂಪೋ ತಿರುವಿಗೆ ಹೋಗುವಾಗ ಅವನ ಮೊಬೈಲು ಗುಯ್‌ಗುಟ್ಟಿತು. ಖಂಡಪ್ಪ ಓದಿದ: "ಪ್ರಿಯ ಗ್ರಾಹಕರೇ, ಒಂದೇ ದಿನ ನೂರಾ ಹತ್ತು ಬಾರಿ ಬಂದ ನಿಮಗೆ ನಾವು ಚಿರಋಣಿ. ನಿಮಗೊಂದು ಬೆಳ್ಳಿ ನಾಣ್ಯದ ಉಡುಗೊರೆ ಇದೆ. ಇದೇ ಯಂತ್ರದ ಮುಂದೆ, ಇಂದೇ, ನೀವೇ ಬಂದು ಪಡೆದುಕೊಳ್ಳಿ."

"ಏನಂತೋ?" ಎಂದಳು ಮಲಕಮ್ಮ.

"ನನಗೇನೋ ಬಂದಾದಂತಕ್ಕ. ಆ ಮಷಿನ್‌ದಾಗ ಅದ."

ಮಲಕಮ್ಮನಿಗೆ ಅಷ್ಟು ಸಾಕಾಯಿತು. "ಏ, ಓಡ್ರಿ! ಟೆಂಪೋ ಹಿಡೀರಿ! ಖಂಡಪ್ಪಂದು ಅದರಾಗೇ ಉಳದಾದ!"

ಓಣಿಗೆ ಓಣಿಯೇ ಯಾದಗಿರಿಯ ರಸ್ತೆ ಹಿಡಿದು ಓಡಿತು. ಎಲ್ಲರಿಗಿಂತ ಹಿಂದೆ, ಅವರನ್ನು ತಡೆಯಲೆಂದು, ಕೈ ಮುಗಿಯುತ್ತ ಖಂಡಪ್ಪ ಓಡುತ್ತಿದ್ದ.