ಯಂತ್ರಕ್ಕೂ ಮಗಳಿಗೂ ಪರಸ್ಪರ ವರ್ಗಾವಣೆ

ಇಂದ:
ಯಂತ್ರ ಸಹಾಯಕ, ಗಾಳಿ ತಪಾಸಣಾ ವಿಭಾಗ
(ವಾಸ: ದೊಡ್ಡ ವೃತ್ತ, ಟೈರ್ ಅಂಗಡಿಯ ಮೇಲಿನ ಮನೆ)

ಗೆ:
ಮುಖ್ಯ ಅಧಿಕಾರಿಗಳು, ಅದೇ ವಿಭಾಗ

ವಿಷಯ: ಗಾಳಿ ಅಳೆಯುವ ಯಂತ್ರ ಮತ್ತು ಏಳು ವರ್ಷದ ನನ್ನ ಮಗಳ ಪರಸ್ಪರ ವರ್ಗಾವಣೆ ಕುರಿತು.

ಉಲ್ಲೇಖ: ವೃತ್ತದ ಯಂತ್ರವನ್ನು ಕಚೇರಿ ಹಿಂದಿನ ಸಸಿತೋಟಕ್ಕೆ ಸ್ಥಳಾಂತರಿಸಿದ ತಮ್ಮ ಆದೇಶ. (ಕಾರಣ: 'ಯಂತ್ರದ ಆರೋಗ್ಯ'.)

ಮಾನ್ಯರೇ,

1. ಸದರಿ ಯಂತ್ರವೂ ಸದರಿ ಮಗಳೂ ಮೂರು ವರ್ಷ ಒಂದೇ ಗಾಳಿ ಸೇವಿಸಿದವರು. ಕೆಳಗಿನ ಟೈರ್ ಅಂಗಡಿಯವರೂ ಸೇವಿಸುತ್ತಿದ್ದರು. ಹೋದ ತಿಂಗಳು ಉಬ್ಬಸದಿಂದ ತೀರಿಕೊಂಡ ಕಾರಣ ಅವರು ಈ ಅರ್ಜಿಗೆ ಸಹಿ ಹಾಕಿಲ್ಲ.

2. ಯಂತ್ರ ಗೊರಗೊರ ಎಂದ ಮರುದಿನವೇ ತಾವು ಖುದ್ದಾಗಿ ಬಂದು, "ಪಾಪ, ಎಷ್ಟು ಅಂತ ಹೊಗೆ ಕುಡಿಯುತ್ತೆ ಇದು? ತಂಪಾದ ಕಡೆ ಇಡಿಸಯ್ಯ" ಎಂದಿರಿ. ಮಗಳು ಗೊರಗೊರ ಎಂದಾಗ ನಾನು ರಜೆ ಕೇಳಿದೆ. "ಮಕ್ಕಳಿಗೆ ಇದೆಲ್ಲ ಮಾಮೂಲಿ ಕಣಯ್ಯ" ಎಂದಿರಿ.

3. ಸಸಿತೋಟದಲ್ಲಿ ಸೂಕ್ಷ್ಮ ಧೂಳಿನ ಅಂಕಿ 212ರಿಂದ 31ಕ್ಕೆ ಇಳಿಯಿತು. ಊರಿನ ಗಾಳಿ ಸುಧಾರಿಸಿತೆಂದು ತಾವು ಪ್ರಕಟಿಸಿದಿರಿ. ಆದ್ದರಿಂದ ಶಾಲೆಯವರು ಬಯಲಿನ ಓಟದ ಪಾಠ ಮತ್ತೆ ಶುರು ಮಾಡಿದರು. ಆದ್ದರಿಂದ ಮಗಳು ಓಡಿದಳು. ಆದ್ದರಿಂದ ಎರಡು ದಿನ ಆಸ್ಪತ್ರೆಯಲ್ಲಿದ್ದಳು. "ನಿಮ್ಮ ಕಡೆ ಗಾಳಿ ಚೆನ್ನಾಗಿದೆಯಂತಲ್ಲ, ಪೇಪರಲ್ಲಿ ಓದಿದೆ" ಎಂದರು ಡಾಕ್ಟರು. ಆ ಅಂಕಿ ಬರೆದುಕೊಟ್ಟವನು ನಾನೇ ಆದ ಕಾರಣ ಚೀಟಿ ಇಸಿದುಕೊಂಡು ಹೊರಬಂದೆ.

4. ಬಳಿಕ ಪ್ರಯೋಗಾರ್ಥ ಅವಳನ್ನು ಸಸಿತೋಟಕ್ಕೆ ಕರೆತಂದೆ. "ಅಣ್ಣಾ, ಯಂತ್ರಕ್ಕೆ ಮಾತ್ರ ಪರ್ಮಿಷನ್ನು" ಎಂದ ಮಾಲಿ. "ಮಾಮ, ನಾನೂ ಯಂತ್ರದ ಥರಾನೇ ಸದ್ದು ಮಾಡ್ತೀನಿ, ಕೇಳಿ ಬೇಕಾದ್ರೆ" ಎಂದು ಮಗಳು ಉಸಿರೆಳೆದು ತೋರಿಸಿದಳು. ಅವನು ಗೇಟು ತೆರೆದ. ಮೂರು ದಿನಗಳಲ್ಲಿ ಕೆಮ್ಮು ಗಂಟೆಗೆ 19ರಿಂದ 4ಕ್ಕೆ ಇಳಿಯಿತು. ಮಾದರಿ ಚಿಕ್ಕದೆಂದು ಒಪ್ಪುತ್ತೇನೆ. ಇರುವುದು ಒಬ್ಬಳೇ ಮಗಳು.

5. ಮಗಳು ಗಾಳಿ ಎಳೆಯುತ್ತಾಳೆ, ಧೂಳು ಹಿಡಿದಿಡುತ್ತಾಳೆ, ವಿದ್ಯುತ್ ಬೇಡುವುದಿಲ್ಲ. ಆದ್ದರಿಂದ ಯಂತ್ರದ ಹುದ್ದೆಗೆ ಅರ್ಹಳು. ಯಂತ್ರಕ್ಕಾದರೋ ಬಿಡಿಭಾಗ ಸಿಗುತ್ತದೆ; ಆದ್ದರಿಂದ ಅದು ವೃತ್ತದಲ್ಲಿರಬಹುದು.

6. ನಾಳೆ ಮತ್ತೆ ಓಟದ ಪಾಠವಿರುವ ಕಾರಣ, ಇಂದು ಬೆಳಗ್ಗೆ ಮಾಲಿಯ ತಳ್ಳುಗಾಡಿಯಲ್ಲಿ ಯಂತ್ರವನ್ನು ವೃತ್ತಕ್ಕೆ ಒಯ್ದು ಹಳೆಯ ಕಂಬಕ್ಕೆ ಬಿಗಿದಿದ್ದೇನೆ. ಹನ್ನೆರಡು ಗಂಟೆಗೆ ಅಲ್ಲಿನ ಅಂಕಿ ತಾನಾಗಿಯೇ ಊರಿಗೆಲ್ಲ ಪ್ರಕಟವಾಗುತ್ತದೆ. ಸದರಿ ಕ್ರಮಕ್ಕೆ ಘಟನೋತ್ತರ ಅನುಮೋದನೆ ನೀಡಬೇಕಾಗಿ ಕೋರುತ್ತೇನೆ.

ಹನ್ನೆರಡು ಗಂಟೆಯವರೆಗಾದರೂ ತಮ್ಮ ವಿಶ್ವಾಸಿ,
ಯಂತ್ರ ಸಹಾಯಕ

ಲಗತ್ತು:
ಅ) ಆಸ್ಪತ್ರೆಯ ಚೀಟಿ
ಆ) ನಮ್ಮ ಕಿಟಕಿಯ ಪರದೆ, ಒಗೆಯದ್ದು (ಮೂಲ ಬಣ್ಣ: ಬಿಳಿ)

ವಿ.ಸೂ.: ಮಗಳು ಬೆಳಗ್ಗೆಯೇ ಸಸಿತೋಟದಲ್ಲಿ ಕೆಲಸಕ್ಕೆ ಹಾಜರಾಗಿದ್ದಾಳೆ. ಏಳರ ಮಗ್ಗಿಯನ್ನು ಕೆಮ್ಮದೆ ಮುಗಿಸಿ ಎಂಟರದನ್ನು ಜೋರಾಗಿ ಶುರು ಮಾಡಿದ್ದಾಳೆ. ಸದ್ದಿನಿಂದ ಕಚೇರಿಗೆ ತೊಂದರೆಯಾದಲ್ಲಿ ತಾವು ಕಿಟಕಿ ಮುಚ್ಚಿಕೊಳ್ಳಬೇಕಾಗಿ ವಿನಂತಿ.